ನಾದಭಾಂಡ: ಹಾನಗಲ್ಲ ಸೀಮೆಯ ಪದಗಳಲ್ಲಿ ಕಾಲಸಂಗ್ರಹದ ವಿಚಾರ

ಶಬ್ದವು ಹುಟ್ಟುವದು, ನಿಲ್ಲುವದು, ಮೂರನೆಯ ಕ್ಷಣದಲ್ಲಿ ಅಳಿಯುವದು ಎಂದು ನೈಯಾಯಿಕರು ಹೇಳುವರು. ಮೀಮಾಂಸಕರು ಇದನ್ನೊಪ್ಪರು. ಶಬ್ದವು ನಿತ್ಯವೆಂದೂ, ಉಚ್ಚಾರಣವು ಅದನ್ನು ತೋರಿಸಿಕೊಡುವದೇ ಹೊರತು ಹುಟ್ಟಿಸುವದಿಲ್ಲವೆಂದೂ ಅವರ ಸಿದ್ಧಾಂತ. ಈ ವಾದವು ಶಾಸ್ತ್ರಸಭೆಯಲ್ಲಿ ಎಂದಿಗೂ ಮುಗಿಯುವಂಥದಲ್ಲ. ಆದರೆ ಪದ, ತ್ರಿಪದಿ, ಕೀರ್ತನೆಗಳನ್ನು ಸಂಪಾದಿಸಲು ಕುಳಿತ ವಿದ್ವಾಂಸನ ಮುಂದೆ ಅದೇ ವಾದವು ಬೇರೊಂದು ವೇಷದಿಂದ ಬಂದು ನಿಲ್ಲುವದು. ಹಾಡೆಂಬದು ಕಾಲದಲ್ಲಿ ಮಾತ್ರ ಇರತಕ್ಕ ವಸ್ತು. ಹಾಡಿ ಮುಗಿಸಿದೊಡನೆ ಅದು ಎಲ್ಲಿಯೂ ಇಲ್ಲ. ಹಾಗಿದ್ದ ಮೇಲೆ ನೂರಾರು ವರ್ಷಗಳ ಹಿಂದಿನ ಹಾಡು ಇಂದಿನವರ ಕೈಗೆ ಬಂದದ್ದು ಯಾವ ಪಾತ್ರೆಯಲ್ಲಿ? ಆ ಪಾತ್ರೆಯನ್ನು ತಿಳಿಯದೆ ಒಳಗಿನ ವಸ್ತುವಿನ ಶುದ್ಧಾಶುದ್ಧಗಳನ್ನು ನಿರ್ಣಯಿಸಬಹುದೆ?

ಈ ಪ್ರಶ್ನೆಯನ್ನು ವಿಚಾರಿಸುವದಕ್ಕೆ ಹಾನಗಲ್ಲ, ಶಿಗ್ಗಾವಿ, ಸವಣೂರು, ಹಿರೇಕೆರೂರು ಈ ನಾಲ್ಕು ತಾಲೂಕುಗಳಷ್ಟು ಅನುಕೂಲವಾದ ಸೀಮೆಯು ಕನ್ನಡನಾಡಿನಲ್ಲಿ ವಿರಲ. ಮೊದಲು ಧಾರವಾಡ ಜಿಲ್ಲೆಗೆ ಸೇರಿದ್ದು 1997ರಿಂದ ಹಾವೇರಿ ಜಿಲ್ಲೆಯಲ್ಲಿರುವ ಈ ಪ್ರದೇಶವು ಕನಕದಾಸರ ಬಾಡವನ್ನೂ, ಸರ್ವಜ್ಞನ ಹೆಸರಿನೊಡನೆ ಕೂಡಿಬಂದ ಅಬಲೂರು-ಮಾಸೂರುಗಳನ್ನೂ, ಶರೀಫ ಸಾಹೇಬರ ಶಿಶುವಿನಹಾಳವನ್ನೂ, ಹಿಂದುಸ್ತಾನಿ ಸಂಗೀತದಲ್ಲಿ ಜಗದ್ವಿಖ್ಯಾತವಾದ ಒಂದು ಮನೆತನದ ಹೆಸರನ್ನೂ ಒಡಲಲ್ಲಿಟ್ಟುಕೊಂಡಿದೆ. ಸವಣೂರಿನವರು ತಮ್ಮ ಹೆಸರಾದ ವೀಳ್ಯದೆಲೆಯನ್ನು ಬಾಡಗೊಡದೆ ದೂರದ ಪೇಟೆಗಳಿಗೆ ಕಳಿಸುವ ಉಪಾಯವನ್ನು ಬಲ್ಲವರು. ಎಲೆಗಿಂತ ಬೇಗನೆ ಬಾಡುವ ವಸ್ತುವಾದ ಹಾಡಿಗೂ ಈ ಸೀಮೆಯವರು ಉಪಾಯಗಳನ್ನು ಕಂಡುಕೊಂಡರು. ಅವು ಯಾವುವು, ಅವುಗಳಲ್ಲಿ ಯಾವದು ಗಟ್ಟಿ, ಯಾವದು ಟೊಳ್ಳು ಎಂಬದೇ ಪ್ರಕೃತ ವಿಷಯ.

ಮೊದಲು ಕಲ್ಪಿತ ಪಾತ್ರೆಗಳನ್ನು ನೋಡಬೇಕು. ಮನುಷ್ಯನು ಯಂತ್ರವನ್ನು ಮಾಡುವದಕ್ಕಿಂತ ಮೊದಲು ಅದನ್ನು ಕಥೆಯಲ್ಲಿ ಮಾಡಿರುತ್ತಾನೆ. ಫ್ರೆಂಚ್ ಲೇಖಕನಾದ ರಾಬಲೆಯು 1552ರ ತನ್ನ ಗ್ರಂಥದಲ್ಲಿ, ಹಿಮಸಮುದ್ರದ ಅಂಚಿನಲ್ಲಿ ಯುದ್ಧದ ಕೂಗುಗಳು ಹೆಪ್ಪುಗಟ್ಟಿ ಬಿದ್ದಿದ್ದವೆಂದೂ, ಬಿಸಿ ತಾಗಿ ಕರಗಿದಾಗ ಮತ್ತೆ ಕೇಳಿಬಂದವೆಂದೂ ಹೇಳಿರುವನು. 1785ರಲ್ಲಿ ಅಚ್ಚಾದ ಮುಂಕ್‌ಹೌಸೆನ್ನನ ಕಥೆಗಳಲ್ಲಿ ರಶಿಯಾದ ಚಳಿಗಾಲದಲ್ಲಿ ಅಂಚೆಗಾಡಿಯವನೊಬ್ಬನು ಎಷ್ಟು ಊದಿದರೂ ಕೊಂಬು ಧ್ವನಿಗೊಡುವದಿಲ್ಲ. ರಾತ್ರಿ ತಂಗುವ ಮನೆಯ ಅಡಿಗೆಯೊಲೆಯ ಬಳಿ ಅದನ್ನು ತೂಗುಹಾಕಲಾಗಿ, ಊದುವವರಿಲ್ಲದೆಯೇ ಹಾಡುಗಳು ಒಂದೊಂದಾಗಿ ಕರಗಿ ಹೊರಬರುವವು. ಎಡಿಸನ್ನನು 1877ರಲ್ಲಿ ಫೋನೋಗ್ರಾಫನ್ನು ರಚಿಸುವದಕ್ಕೆ ಸುಮಾರು ಒಂದು ಶತಮಾನ ಮೊದಲೇ ಈ ಕೊಂಬು ಅದರ ಕೆಲಸವನ್ನು ಮಾಡಿ ಮುಗಿಸಿತ್ತು. ಈ ಕಲ್ಪನೆಯ ಮರ್ಮವಿಷ್ಟು: ನಾದವು ಪಾತ್ರೆಯಲ್ಲಿ ತಾನೇ ತಾನಾಗಿ ಇರಬಲ್ಲದು, ಹೊರಬರುವದಕ್ಕೆ ಗಾಯಕನು ಬೇಕಿಲ್ಲ, ಬೆಂಕಿ ಸಾಕು.

ಕಥಾಸರಿತ್ಸಾಗರದ ಪೀಠಿಕಾಭಾಗದಲ್ಲಿ ಇದಕ್ಕೆ ವಿಪರೀತವಾದ ಕಲ್ಪನೆಯಿದೆ. ಬಾಲಕನಾದ ವರರುಚಿಯು ಒಂದು ಸಲ ಕೇಳಿದ್ದನ್ನು ಹಾಗೆಯೇ ಒಪ್ಪಿಸಬಲ್ಲನು. ನಾಟಕವೊಂದನ್ನು ನೋಡಿ ಬಂದು ತಾಯಿಗೆ ಅದನ್ನು ಪೂರ್ತಿಯಾಗಿ ಆಡಿ ತೋರಿಸುವನು. ವ್ಯಾಡಿಗೆ ಎರಡು ಸಲ, ಇಂದ್ರದತ್ತನಿಗೆ ಮೂರು ಸಲ ಕೇಳುವದು ಅವಶ್ಯ. ಮೂವರೂ ಕೂಡಿದಾಗಲೇ ವರ್ಷೋಪಾಧ್ಯಾಯನ ವಿದ್ಯೆಯು ಲೋಕಕ್ಕೆ ಬರಲು ದಾರಿಯಾಗುವದು. ಇಲ್ಲಿ ಪಾತ್ರೆಯು ಮನುಷ್ಯನೇ. ಅದೂ ಒಬ್ಬನಲ್ಲ, ಒಬ್ಬನು ಕೇಳಿದ್ದನ್ನು ಇನ್ನೊಬ್ಬನಿಗೆ ಕೇಳಿಸುವ ಸಾಲು. ಅತಿಶಯೋಕ್ತಿಯನ್ನು ಬಿಟ್ಟರೆ ಇದು ವೇದಪಾಠಶಾಲೆಯ ನಿತ್ಯದ ಅನುಭವ. ಕ್ರಮಪಾಠದಲ್ಲಿ ಒಂದು-ಎರಡು, ಎರಡು-ಮೂರು ಎಂದು ಪದಗಳನ್ನು ಹೆಣೆಯುವರು. ಜಟೆಯಲ್ಲಿ ಅದನ್ನೇ ಮುಂದೆ, ಹಿಂದೆ, ಮತ್ತೆ ಮುಂದೆ ಓದುವರು. ಘನದಲ್ಲಿ ಮೂರು ಪದಗಳ ವರೆಗೆ ಹೋಗಿ ತಿರುಗುವರು. ಒಂದು ಸ್ವರವು ಜಾರಿದರೆ ಹೆಣಿಗೆಯು ಅಲ್ಲಿಯೇ ಬಿಚ್ಚಿ ಗುರುವಿನ ಕಿವಿಗೆ ತಿಳಿಯುವದು. ತಪ್ಪನ್ನು ಹಿಡಿಯುವ ಉಪಾಯವನ್ನು ವಸ್ತುವಿನ ಮೈಯೊಳಗೇ ನೆಯ್ದಿರುವದು ಈ ಪಾತ್ರೆಯ ಗುಣ.

ಈ ಎರಡು ಕಲ್ಪನೆಗಳಲ್ಲಿ ಯಾವದು ಕನ್ನಡದ ಪದಗಳಿಗೆ ಹೊಂದುವದು? ನ್ಯಾಯಶಾಸ್ತ್ರದ ಪರಿಭಾಷೆಯೇ ಇದಕ್ಕೆ ಉತ್ತರವನ್ನು ಸೂಚಿಸುವದು. ಶಬ್ದವು ಕಿವಿಗೆ ಬರುವ ಬಗೆಯನ್ನು ವೀಚೀತರಂಗ, ಕದಂಬಮುಕುಲ ಎಂಬ ಎರಡು ನ್ಯಾಯಗಳಿಂದ ವಿವರಿಸುವರು. ಆದರೆ ಅಲೆಯಾಗಲಿ ಮೊಗ್ಗಾಗಲಿ ಕಿವಿಯ ಬಾಗಿಲಿಗೆ ಬಂದು ನಿಲ್ಲುವದು. ಒಳಗೆ ಉಳಿಯುವದು ಶಬ್ದವಲ್ಲ, ಸಂಸ್ಕಾರ. ಆ ಸಂಸ್ಕಾರವು ಸುಮ್ಮನೆ ಸ್ಮೃತಿಯಾಗದು. ಅದನ್ನೆಬ್ಬಿಸುವ ಉದ್ಬೋಧಕವೊಂದು ಬೇಕು. ಈ ದೃಷ್ಟಿಯಿಂದ ನೋಡಿದರೆ ಛಂದಸ್ಸು, ಪ್ರಾಸ, ಪಲ್ಲವಿ, ಅಂಕಿತ ಇವು ನಾದವನ್ನು ತುಂಬಿಡುವ ಭಾಂಡಗಳಲ್ಲ, ಉದ್ಬೋಧಕಗಳ ಸಾಲು. ಹಾಡನ್ನು ಇಟ್ಟುಕೊಳ್ಳುವದು ಅವುಗಳ ಕೆಲಸವಲ್ಲ, ಎಬ್ಬಿಸುವದು.

ಹಿರೇಕೆರೂರಿನ ಕಡೆಯಿಂದ ಆರಂಭಿಸಬಹುದು. ಸರ್ವಜ್ಞನ ತ್ರಿಪದಿಯು ಅಂಶಗಣದ ಹನ್ನೊಂದು ಗಣಗಳ ಛಂದಸ್ಸು. ಮೊದಲೆರಡು ಸಾಲುಗಳಿಗೆ ನಾಲ್ಕು ನಾಲ್ಕು, ಕೊನೆಯದಕ್ಕೆ ಮೂರು. ಆರನೆಯದೂ ಹತ್ತನೆಯದೂ ಬ್ರಹ್ಮಗಣ, ಉಳಿದವು ವಿಷ್ಣುಗಣ. ಈ ಅಚ್ಚು ಅವನದಲ್ಲ. ಬಾದಾಮಿಯ ಬಂಡೆಯ ಮೇಲೆ, ಕ್ರಿ.ಶ. 700ರ ಸುಮಾರಿನ ಕಪ್ಪೆ ಅರಭಟ್ಟನ ಶಾಸನದಲ್ಲಿಯೇ ಅದು ಸಿದ್ಧವಾಗಿ ನಿಂತಿದೆ. ಬೀಸುವ ಕಲ್ಲಿನ ಹಾಡಿನಲ್ಲಿ ಅದು ಹೆಂಗಸರ ಬಾಯಿಂದ ಬಾಯಿಗೆ ಹರಿದು ಬಂದಿದೆ. ಹಾಡುವಾಗ ಎರಡನೆಯ ಸಾಲನ್ನು ಮರಳಿ ಹಾಡಿ ಮೂರನೆಯದಕ್ಕೆ ಇಳಿಯುವ ರೂಢಿಯುಂಟು. ಆ ಪುನರಾವೃತ್ತಿಯು ಬರಿಯ ಅಲಂಕಾರವಲ್ಲ. ಮರೆತವನಿಗೆ ಮೂರನೆಯ ಸಾಲನ್ನು ನೆನೆಯಲು ಅದು ಕೊಡುವ ಅವಕಾಶ.

ಸರ್ವಜ್ಞನ ಹೊಸತನವಿರುವದು ಕೊನೆಯ ಗಣದಲ್ಲಿ. ಹನ್ನೊಂದನೆಯ ಗಣವನ್ನು ಅವನು ತನ್ನ ಹೆಸರಿಗೆ ಬರೆದುಕೊಟ್ಟಿದ್ದಾನೆ. ಹಾಗಾದರೆ ವಿಚಾರಕ್ಕೆ ಉಳಿಯುವವು ಹತ್ತೇ ಗಣಗಳು. ಆ ಹತ್ತರಲ್ಲಿಯೂ ಕೊನೆಯದು ಗಿಡ್ಡನೆಯ ಬ್ರಹ್ಮಗಣವಾದದ್ದರಿಂದ ಮಾತು ಅಲ್ಲಿ ಕುತ್ತಿಗೆ ಹಿಡಿದಂತೆ ನಿಲ್ಲಬೇಕು. ಸರ್ವಜ್ಞನ ನಿಷ್ಠುರತೆಯನ್ನು ವಿಮರ್ಶಕರು ಅವನ ಸ್ವಭಾವಕ್ಕೆ ಹಚ್ಚುವರು. ಅದರ ಬಹುಭಾಗವು ಈ ಹತ್ತನೆಯ ಗಣದ ಬಿಗಿಯಿಂದ ಬಂದದ್ದೆಂದು ಹೇಳಿದರೆ ಕವಿಗೆ ಅನ್ಯಾಯವಾಗಲಾರದು. ತೀರ್ಪನ್ನು ಎರಡಕ್ಷರದಲ್ಲಿ ಕೊಟ್ಟು ಸಹಿ ಹಾಕಿದಂತೆ ಆ ರಚನೆ.

ಆದರೆ ಈ ಪಾತ್ರೆಗೆ ಒಂದು ದೋಷವಿದೆ. ಮುದ್ರೆಯುಂಟು, ಬೀಗವಿಲ್ಲ. ಹತ್ತು ಗಣಗಳನ್ನು ಹೊಂದಿಸಬಲ್ಲ ಯಾರೇ ಆಗಲಿ ಹನ್ನೊಂದನೆಯದಾಗಿ ಸರ್ವಜ್ಞನ ಹೆಸರನ್ನಿಟ್ಟರೆ ಪದ್ಯವು ಅವನದಾಗಿ ಹೋಗುವದು. ರೆವರೆಂಡ್ ಚನ್ನಪ್ಪ ಉತ್ತಂಗಿಯವರು ಓಲೆಗಳಿಂದಲೂ ಬಾಯಿಮಾತಿನಿಂದಲೂ ಕೂಡಿಹಾಕಿ 1924ರಲ್ಲಿ ಸರ್ವಜ್ಞನ ವಚನಗಳನ್ನು ಪ್ರಕಟಿಸಿದಾಗ ಎದುರಾದ ಕಷ್ಟವು ಇದೇ. ಆ ಮಹನೀಯರ ಪರಿಶ್ರಮಕ್ಕೆ ಕನ್ನಡವು ಋಣಿಯಾಗಿದೆ. ಆದರೂ ಆ ರಾಶಿಯಲ್ಲಿ ಎಷ್ಟು ಒಬ್ಬನವು, ಎಷ್ಟು ಸೀಮೆಯವು ಎಂದು ನಿರ್ಣಯಿಸುವದು ದುಸ್ಸಾಧ್ಯ. ಮತ್ತೂ ಒಂದು ಮಾತು. ಆ ಅಂಕಿತದಲ್ಲಿ ಊರಿನ ಹೆಸರಿಲ್ಲ. ಮಾಸೂರು, ಅಬಲೂರುಗಳ ಸಂಬಂಧವು ತಿಳಿಯುವದು ಕವಿಯ ಜನನವನ್ನು ಹೇಳುವ ಕೆಲವು ತ್ರಿಪದಿಗಳಿಂದ. ಅವೇ ಪ್ರಕ್ಷಿಪ್ತವಾಗಿರಬಹುದೆಂಬ ಶಂಕೆಯು ವಿದ್ವಾಂಸರಲ್ಲಿದೆ. ಅಂಕಿತದಿಂದ ಒಡೆಯನು ತಿಳಿದನು, ವಿಳಾಸವು ತಿಳಿಯಲಿಲ್ಲ.

ಅದೇ ಅಬಲೂರಿನ ಸೋಮೇಶ್ವರ ದೇವಾಲಯದಲ್ಲಿ ಏಕಾಂತದ ರಾಮಯ್ಯನ ವೃತ್ತಾಂತವನ್ನು ಕಲ್ಲಿನಲ್ಲಿ ಕೊರೆದು, ಚಿತ್ರಗಳಿಗೆ ಸಣ್ಣ ಬರಹಗಳನ್ನು ಹೊಂದಿಸಿದ್ದಾರೆ. ಕ್ರಿ.ಶ. 1200ರ ಸುಮಾರಿನ ಅಲ್ಲಿಯ ಶಾಸನವನ್ನು ಫ್ಲೀಟರು ಸಂಪಾದಿಸಿರುವರು. ಶಿರಸ್ಸನ್ನು ಕತ್ತರಿಸಿಕೊಂಡದ್ದನ್ನು ಕಲ್ಲು ತೋರಿಸಬಲ್ಲದು, ಅದು ಮರಳಿ ಕೂಡಿದ್ದನ್ನೂ ತೋರಿಸಬಲ್ಲದು. ನಡುವಿನ ಕಾಲವನ್ನು ತೋರಿಸಲಾರದು. ಅದನ್ನು ತುಂಬುವವನು ಎದುರಿಗೆ ನಿಂತು ಕಥೆ ಹೇಳುವವನೇ. ಕಲ್ಲಿಗೂ ಮನುಷ್ಯನು ಬೇಕಾದನು.

ಇನ್ನು ಶಿಗ್ಗಾವಿ. ಬಾಡದ ಕನಕದಾಸರು ಕಾಗಿನೆಲೆಯ ಆದಿಕೇಶವನನ್ನು ಅಂಕಿತಮಾಡಿಕೊಂಡರು. ಶಿಶುವಿನಹಾಳದ ಶರೀಫರು ಶಿಶುನಾಳಾಧೀಶನನ್ನು ಮಾಡಿಕೊಂಡರು. ಇಬ್ಬರ ಅಂಕಿತದಲ್ಲಿಯೂ ಊರಿದೆ. ಹಾಡು ಉಡುಪಿಗೆ ಹೋಗಲಿ, ಕಾಸರಗೋಡಿಗೆ ಹೋಗಲಿ, ಸೊಲ್ಲಾಪುರಕ್ಕೆ ಹೋಗಲಿ, ಹೊರಟ ಊರಿನ ಹೆಸರನ್ನು ಹೊತ್ತುಕೊಂಡೇ ಹೋಗುವದು. ದೇವರ ಹೆಸರಿನಿಂದ ಭಕ್ತಿಯೂ ಊರಿನ ಹೆಸರಿನಿಂದ ಪ್ರಮಾಣವೂ ಒಂದೇ ಮುದ್ರೆಯಲ್ಲಿ ಸಿದ್ಧಿಸಿದವು. ಕನಕದಾಸರು ತಮ್ಮ ಮುಂಡಿಗೆಗಳಲ್ಲಿ ಇದಕ್ಕೆ ಬೀಗವನ್ನೂ ಸೇರಿಸಿದರು. ಮುಂಡಿಗೆಯ ಅರ್ಥವನ್ನು ತಿಳಿಯದವನೂ ಅದನ್ನು ಹಾಡಬಲ್ಲನು. ತಿಳಿಯದೆ ಇರುವದರಿಂದಲೇ ಮಾತನ್ನು ಬದಲಿಸಲು ಅಂಜುವನು. ಗೂಢಾರ್ಥವು ಪಾಠರಕ್ಷಣೆಯ ಉಪಾಯವಾದದ್ದು ಬೆಡಗಿನ ಪರಂಪರೆಯನ್ನು ವಿಚಾರಿಸುವವರು ಇನ್ನೂ ಗಮನಿಸಬೇಕಾದ ಸಂಗತಿ.

ಶರೀಫರು (1819-1889) ಯಂತ್ರಗಳ ಯುಗದ ಬಾಗಿಲಲ್ಲಿ ನಿಂತವರು. ಎಡಿಸನ್ನನ ಯಂತ್ರವು ಹುಟ್ಟಿದ ಮೇಲೆ ಹನ್ನೆರಡು ವರ್ಷ ಅವರು ಬದುಕಿದ್ದರು. ಅದನ್ನು ಅವರು ಕೇಳಿದ್ದರೆಂದು ಹೇಳಲು ಆಧಾರವಿಲ್ಲ, ಹೇಳುವ ಅವಶ್ಯಕತೆಯೂ ಇಲ್ಲ. ಗಿರಣಿಯನ್ನು ಕುರಿತು ಪದಕಟ್ಟಿ, ನೂಲುವ ಯಂತ್ರದಲ್ಲಿ ದೇಹತತ್ತ್ವವನ್ನು ಕಂಡ ಕವಿಗೆ ನಾದದ ಯಂತ್ರವನ್ನು ಕಲ್ಪಿಸುವದು ಕಷ್ಟವಾಗಿರಲಿಲ್ಲ. ಅವರ ತಂಬೂರಿಯ ಪದವು ಅಂಥ ಕಲ್ಪಿತ ಯಂತ್ರವೇ. ಸಾಮಾನ್ಯವಾಗಿ ಉಪಾಧ್ಯಾಯರು ಈ ಪದವನ್ನು ದೇಹವೇ ತಂಬೂರಿ ಎಂಬ ರೂಪಕವಾಗಿ ವಿವರಿಸಿ ಮುಗಿಸುವರು. ಅದು ಸರಿಯೇ, ಆದರೆ ಅರ್ಧ. ಪದದ ರಚನೆಯನ್ನು ಕಿವಿಯಿಂದ ನೋಡಬೇಕು. ಸಾಲುಸಾಲಿನ ಕೊನೆಗೆ ತಂಬೂರಿ ಎಂಬ ಒಂದೇ ಮಾತು ಮರಳಿ ಮರಳಿ ಬರುವದು. ಹಾಡಿನ ಇತರ ಮಾತುಗಳು ಮೇಲೆ ಕೆಳಗೆ ಚಲಿಸುತ್ತಿರಲು ಈ ಮಾತು ಇದ್ದಲ್ಲಿಯೇ ಮೀಟುತ್ತಿರುವದು. ತಂಬೂರಿಯ ಕೆಲಸವಾದರೂ ಇದೇ. ಅದು ಹಾಡನ್ನು ನುಡಿಸುವದಿಲ್ಲ, ಹಾಡಿಗೆ ನಿಲ್ಲಲು ನೆಲವನ್ನು ಕೊಡುವದು. ತಂಬೂರಿಯನ್ನು ವರ್ಣಿಸುವ ಪದವು ತಾನೇ ತಂಬೂರಿಯಾಗಿ ಮೀಟುವದು ಈ ರಚನೆಯ ಚಮತ್ಕಾರ. ಕವಿಯು ಇದನ್ನು ಎಲ್ಲಿಯೂ ಬಾಯಿಬಿಟ್ಟು ಹೇಳಿಲ್ಲ.

ಪದದ ಆರಂಭವೇ ಒಂದು ನಿಷೇಧ. ಸಂಗೀತದ ಕುರುಹು ತಿಳಿಯದವನು ಅದನ್ನು ಮುಟ್ಟಬಾರದು. ಮುಂಕ್‌ಹೌಸೆನ್ನನ ಕೊಂಬಿಗೆ ಒಲೆಯ ಬಿಸಿ ಸಾಕಾಗಿತ್ತು. ಶರೀಫರ ವಾದ್ಯಕ್ಕೆ ಬುದ್ಧಿವಂತನು ಬೇಕು. ಆ ಕೊಂಬಿನೊಳಗೆ ಹಾಡು ಇತ್ತು. ಇದರೊಳಗೆ ಹಾಡಿಲ್ಲ, ಶ್ರುತಿ ಮಾತ್ರ ಇದೆ. ಹೀಗೆ ನೋಡಿದರೆ ಈ ಚಿಕ್ಕ ಪದವು ಮೇಲೆ ಹೇಳಿದ ಉದ್ಬೋಧಕದ ಸಿದ್ಧಾಂತಕ್ಕೆ ಕನ್ನಡದಲ್ಲಿ ದೊರೆತ ಅತ್ಯಂತ ಸ್ಫುಟವಾದ ಉದಾಹರಣೆಯಾಗಿದೆ.

ಯಂತ್ರವು ನಿಜವಾಗಿ ಬಂದಾಗ ಏನಾಯಿತು? ಅದನ್ನು ತಿಳಿಯಲು ಹಾನಗಲ್ಲ ಎಂಬ ಹೆಸರನ್ನು ಅನುಸರಿಸಬೇಕು. ಗಂಗೂಬಾಯಿ ಹಾನಗಲ್ಲರು (1913-2009) ಹುಟ್ಟಿದ್ದು ಧಾರವಾಡದಲ್ಲಿ, ಬಾಳಿದ್ದು ಹುಬ್ಬಳ್ಳಿಯಲ್ಲಿ, ವಿದ್ಯೆ ಕಲಿತದ್ದು ಕುಂದಗೋಳದ ಸವಾಯಿ ಗಂಧರ್ವರಲ್ಲಿ. ಹಾನಗಲ್ಲು ಮನೆತನದ ಮೂಲ. 1930ರ ದಶಕದ ಮೊದಲ ವರ್ಷಗಳಲ್ಲಿ ಎಚ್.ಎಂ.ವಿ. ಕಂಪನಿಯು ಅವರ ಗಾಯನವನ್ನು ಮುದ್ರಿಸಿದಾಗ ತಟ್ಟೆಯ ಮೇಲೆ ಬಂದ ಹೆಸರು ಗಾಂಧಾರಿ ಹಾನಗಲ್. ಮುಂದೆ ಗಾಂಧಾರಿಯು ಹೋಗಿ ಗಂಗೂಬಾಯಿಯು ನಿಂತಳು. ಹೋಗದೆ ಉಳಿದದ್ದು ಊರು. ಕನಕದಾಸರ ಅಂಕಿತದ ನಿಯಮವು ಇಲ್ಲಿ ಯಾರೂ ಉದ್ದೇಶಿಸದೆಯೇ ಪಾಲಿಸಲ್ಪಟ್ಟಿತು. (ಸವಣೂರಿನ ವಿಚಾರ ಇದಕ್ಕೆ ವಿಪರೀತ. 1909ರಲ್ಲಿ ಅಲ್ಲಿ ಹುಟ್ಟಿದ ವಿನಾಯಕರು ಜ್ಞಾನಪೀಠದ ವರೆಗೆ ಹೊತ್ತುಕೊಂಡು ಹೋದದ್ದು ಗೋಕಾಕದ ಹೆಸರನ್ನು.)

ಅಂಕಿತವು ತಟ್ಟೆಗೂ ಬಂದದ್ದು ಆಕಸ್ಮಿಕವಲ್ಲ. 1902ರಲ್ಲಿ ಕಲಕತ್ತೆಯಲ್ಲಿ ಗೈಸ್‌ಬರ್ಗನು ಗೌಹರ್ ಜಾನಳ ಗಾಯನವನ್ನು ಮುದ್ರಿಸಿಕೊಂಡಾಗ, ಆಕೆಯು ಹಾಡಿನ ಕೊನೆಗೆ ತನ್ನ ಹೆಸರನ್ನು ಕೂಗಿ ಹೇಳುತ್ತಿದ್ದಳು. ಆ ತಟ್ಟೆಗಳು ಜರ್ಮನಿಯ ಹಾನೋವರಿನಲ್ಲಿ ಸಿದ್ಧವಾಗಬೇಕಾಗಿದ್ದವು. ಹಾಡಿನ ಭಾಷೆಯನ್ನರಿಯದ ಅಲ್ಲಿಯ ಕೆಲಸಗಾರರಿಗೆ ಯಾವದು ಯಾರ ಹಾಡೆಂದು ತಿಳಿಯಲು ಅದೇ ಗುರುತು. ಸರ್ವಜ್ಞನ ಹನ್ನೊಂದನೆಯ ಗಣಕ್ಕೂ ಈ ಕೂಗಿಗೂ ಪ್ರಯೋಜನವು ಒಂದೇ ಎಂಬದನ್ನು ಸಹೃದಯರು ಗಮನಿಸಬೇಕು. ವಸ್ತುವು ಕೈಬಿಟ್ಟು ಅಪರಿಚಿತರ ನಡುವೆ ಹೋಗತಕ್ಕದ್ದಾದಾಗ ಹೆಸರು ಹೊರಗೆ ಅಂಟಿದ್ದರೆ ಸಾಲದು, ಒಳಗೇ ಇರಬೇಕು.

ತಟ್ಟೆಯು ಅರಗಿನಿಂದ ಮಾಡಿದ್ದು. ನಿಮಿಷಕ್ಕೆ ಎಪ್ಪತ್ತೆಂಟು ಸುತ್ತು ತಿರುಗಿ ಒಂದು ಮಗ್ಗುಲಿಗೆ ಮೂರು, ಮೂರೂವರೆ ನಿಮಿಷದಷ್ಟನ್ನು ಹಿಡಿಯುವದು. ವಿರಾಟನಗರವೆಂದು ಐತಿಹ್ಯವುಳ್ಳ ಹಾನಗಲ್ಲಿನ ಹೆಸರು ಅರಗಿನ ತಟ್ಟೆಯ ಮೇಲೆ ಏರಿದ್ದು ಮಹಾಭಾರತವನ್ನು ಬಲ್ಲವರಿಗೆ ತುಸು ನಗೆಯನ್ನು ತರಬಹುದು. ಅರಗಿನ ಮನೆಯಂತೆ ಇದೂ ಬೇಗನೆ ನಾಶವಾಗುವಂಥದು, ಕೈಜಾರಿದರೆ ಚೂರು. ಒಂದು ರಾಗವನ್ನು ತಾಸುಗಟ್ಟಲೆ ವಿಸ್ತರಿಸುವ ಕಿರಾಣಾ ಘರಾಣೆಯ ಗಾಯಕಿಗೆ ಮೂರು ನಿಮಿಷದ ಅಂಕೆಯು ಹತ್ತು ಗಣಗಳ ಅಂಕೆಗಿಂತಲೂ ಕಠಿನ. ಆ ಕಾಲದ ಗಾಯಕರು ಆಲಾಪವನ್ನು ಕತ್ತರಿಸಿ, ಮುಖಡೆಯನ್ನು ಬೇಗ ಹಿಡಿದು, ತಾನಗಳನ್ನು ಒತ್ತಿ ಸೇರಿಸಿ ಒಂದು ಹೊಸ ಚುಟುಕುರೂಪವನ್ನೇ ಮಾಡಿಕೊಂಡರು. ಪಾತ್ರೆಯು ವಸ್ತುವನ್ನು ತನ್ನ ಆಕಾರಕ್ಕೆ ತಂದಿತು. ಇದನ್ನು ಕೆಡುಕೆಂದು ಅಳುವ ಕಾರಣವಿಲ್ಲ. ತ್ರಿಪದಿಯೂ ಹಾಗೆಯೇ ಮಾಡಿತ್ತು.

ಆದರೂ ತಟ್ಟೆಯೊಂದೇ ಮಾಡಬಲ್ಲ ಕೆಲಸವೊಂದಿದೆ. ಕಂಠದ ಚಿಕಿತ್ಸೆಯ ತರುವಾಯ ಗಂಗೂಬಾಯಿಯವರ ಧ್ವನಿಯು ಗಡುಸಾಗಿ ಇಳಿಯಿತು. ಲೋಕವು ಬಲ್ಲ ಘನಗಂಭೀರ ಶಾರೀರವು ಅದು. ಗಾಂಧಾರಿಯ ತಟ್ಟೆಗಳಲ್ಲಿರುವದು ಅದಕ್ಕಿಂತ ಮೊದಲಿನ ತೆಳುವಾದ ಏರುಧ್ವನಿ. ಆ ಧ್ವನಿಯನ್ನು ಯಾವ ಶಿಷ್ಯನೂ ಸ್ಮೃತಿಯಿಂದ ಎಬ್ಬಿಸಲಾರನು, ಸ್ವತಃ ಗಾಯಕಿಯೇ ಎಬ್ಬಿಸಲಾರದಾದಳು. ಸಂಪ್ರದಾಯವು ರಾಗವನ್ನು ಕಾಯುವದು, ಒಂದು ಗಂಟಲಿನ ಒಂದು ವಯಸ್ಸನ್ನು ಕಾಯಲಾರದು. ಕಥೆಯ ಕೊಂಬು ಸುಳ್ಳೆಂದು ಪೂರ್ತಿಯಾಗಿ ತಳ್ಳಿಹಾಕುವಂತಿಲ್ಲ.

ಇದಕ್ಕೆ ಎದುರಾಗಿ ಅದೇ ಹಾನಗಲ್ಲ ತಾಲೂಕಿನ ಕಾಡಶೆಟ್ಟಿಹಳ್ಳಿಯಲ್ಲಿ 1892ರಲ್ಲಿ ಹುಟ್ಟಿದ ಪಂಚಾಕ್ಷರ ಗವಾಯಿಗಳನ್ನು ನೆನೆಯಬೇಕು. ದೃಷ್ಟಿಯಿಲ್ಲದ ಆ ಮಹಾನುಭಾವರು ಹಾನಗಲ್ಲ ಕುಮಾರಸ್ವಾಮಿಗಳ ಆಶ್ರಯದಿಂದ ವಿದ್ಯಾವಂತರಾಗಿ, ಗದುಗಿನ ವೀರೇಶ್ವರ ಪುಣ್ಯಾಶ್ರಮದಲ್ಲಿ ಅಂಧಬಾಲಕರಿಗೆ ಸಂಗೀತವನ್ನು ಕಲಿಸಿದರು. ಅಲ್ಲಿ ಓಲೆಗೂ ಅಚ್ಚಿಗೂ ಸ್ಥಾನವು ಅಲ್ಪ. ಕಿವಿ, ಬಾಯಿ, ಬೆರಳು ಇವೇ ಭಂಡಾರ. ದೃಷ್ಟಿಯುಳ್ಳ ಬಸವರಾಜ ರಾಜಗುರುಗಳಂಥ ಶಿಷ್ಯರೂ ಅದೇ ಮಾರ್ಗದಿಂದ ಸಿದ್ಧರಾದರು. 1944ರಲ್ಲಿ ಗವಾಯಿಗಳು ತೀರಿಕೊಂಡ ಮೇಲೆ ಪುಟ್ಟರಾಜ ಗವಾಯಿಗಳು 2010ರ ವರೆಗೆ ಆ ಸಾಲನ್ನು ಕಡಿಯಗೊಡಲಿಲ್ಲ. ವರರುಚಿಯ ಕಥೆಯಲ್ಲಿ ಅತಿಶಯೋಕ್ತಿಯಾಗಿದ್ದದ್ದು ಇಲ್ಲಿ ದಿನಚರಿಯಾಯಿತು.

ಸಂಪಾದಕರಿಗೂ ಉಪಾಧ್ಯಾಯರಿಗೂ ಇದರಿಂದ ಆಗಬೇಕಾದ ಬೋಧೆ ಏನು? ಶರೀಫರ ಪದಗಳು ಬಹುಮಟ್ಟಿಗೆ ಹಾಡುವವರ ಬಾಯಲ್ಲಿ ಉಳಿದು ಆಮೇಲೆ ಪುಸ್ತಕಕ್ಕೆ ಬಂದವು. ಅಚ್ಚುಮಾಡುವವರು ಕಾಗದದ ಮಿತವ್ಯಯಕ್ಕಾಗಿಯೋ, ಪುನರುಕ್ತಿಯು ದೋಷವೆಂಬ ಆಲಂಕಾರಿಕರ ಮಾತನ್ನು ತಪ್ಪಾಗಿ ತಿಳಿದೋ, ಪಲ್ಲವಿಯನ್ನು ಒಂದು ಸಲ ಮಾತ್ರ ಹಾಕಿ ಮುಂದೆ ಬಿಟ್ಟುಬಿಡುವರು. ಎಲ್ಲಿ ಮರಳಬೇಕು, ಯಾವ ಮಾತಿನ ಮೇಲೆ ಮರಳಬೇಕು ಎಂಬ ಸೂಚನೆಯೂ ಇರುವದಿಲ್ಲ. ಪಲ್ಲವಿಯನ್ನು ಕಿತ್ತ ಪದವು ಜಟೆಯನ್ನು ಬಿಚ್ಚಿದ ಮಂತ್ರದಂತೆ. ಅಕ್ಷರಗಳೆಲ್ಲ ಇರುವವು, ಕಾವಲು ಇರದು. ಪಾಠಾಂತರಗಳ ವಿಷಯದಲ್ಲಿಯೂ ಇದೇ ವಿವೇಚನೆಯು ಬೇಕು. ಪ್ರಾಸದ, ಪಲ್ಲವಿಯ, ಅಂಕಿತದ ಸ್ಥಾನದಲ್ಲಿ ಬಂದ ಭೇದವು ಪಾತ್ರೆಯೇ ಒಡೆದ ಗುರುತು, ಅದನ್ನು ಸಂಶಯದಿಂದ ನೋಡಬೇಕು. ನಡುವಿನ ಮಾತಿನಲ್ಲಿ ಬಂದ ಭೇದವು ಹಾಡುವವನು ಪಾತ್ರೆಯನ್ನು ಮತ್ತೆ ತುಂಬಿದ ಗುರುತು. ಅದನ್ನು ಅಪಪಾಠವೆಂದು ಅಡಿಟಿಪ್ಪಣಿಗೆ ನೂಕುವ ಮೊದಲು ಸಂಪಾದಕನು ಎರಡು ಸಲ ಹಾಡಿ ನೋಡಲಿ. ಓದಿ ಅಲ್ಲ, ಹಾಡಿ.

ಧ್ವನಿಸುರುಳಿಗಳ ಕಾಲದಲ್ಲಿ ಈ ಸಮಸ್ಯೆಯು ಇನ್ನೊಂದು ರೂಪವನ್ನು ತಳೆಯಿತು. ಸಿ. ಅಶ್ವತ್ಥರು ಶರೀಫರ ಪದಗಳಿಗೆ ರಾಗಸಂಯೋಜನೆಮಾಡಿ ಹಾಡಿದರು. 1990ರಲ್ಲಿ ಟಿ. ಎಸ್. ನಾಗಾಭರಣರ ನಿರ್ದೇಶನದಲ್ಲಿ ಬಂದ ಸಂತ ಶಿಶುನಾಳ ಶರೀಫ ಚಿತ್ರಕ್ಕೂ ಅವರದೇ ಸಂಗೀತ. ಶಿಗ್ಗಾವಿಯ ಸೀಮೆಯನ್ನು ದಾಟದಿದ್ದ ಅನೇಕ ಪದಗಳು ಇದರಿಂದ ಕನ್ನಡಿಗರಿದ್ದ ಕಡೆಗೆಲ್ಲ ಹೋದವು. ಅಷ್ಟು ದೂರ ಈ ಪದಗಳನ್ನು ಹಿಂದೆ ಯಾವ ಪಾತ್ರೆಯೂ ಒಯ್ದಿರಲಿಲ್ಲ. ಅಶ್ವತ್ಥರ ಕಂಠದ ಒರಟು ಉತ್ಸಾಹವು ಶರೀಫರ ಮಾತಿಗೆ ಹೊಂದುವಂಥದೆಂಬದರಲ್ಲಿಯೂ ಸಂದೇಹವಿಲ್ಲ. ಆದರೆ ಅನೇಕ ವಿದ್ಯಾರ್ಥಿಗಳಿಗೆ ಇಂದು ಆ ಒಂದು ಧಾಟಿಯೇ ಶರೀಫರ ಧಾಟಿಯಾಗಿದೆ. ಭಜನೆಯ ಮೇಳದಲ್ಲಿ ಊರೂರಿಗೆ ಬೇರೆಯಾಗಿದ್ದ ಧಾಟಿಗಳು ಅವರ ಕಿವಿಗೆ ತಪ್ಪಾಗಿ ಕೇಳಿಸುವವು. ದೋಷವು ಸಂಗೀತಗಾರರದಲ್ಲ, ಪಾತ್ರೆಯನ್ನೇ ವಸ್ತುವೆಂದು ತಿಳಿದವರದು. ಶಿಗ್ಗಾವಿ, ಹಾನಗಲ್ಲ ಭಾಗದ ಭಜನಾ ಮೇಳಗಳಲ್ಲಿ ಉಳಿದಿರುವ ಧಾಟಿಗಳನ್ನು, ಪಲ್ಲವಿಯು ಮರಳುವ ಸ್ಥಾನ, ತಾಳ, ಹಾಡುವವರ ಊರು ಇವುಗಳ ಸಹಿತ ಬೇರೆ ಬೇರೆಯಾಗಿ ಮುದ್ರಿಸಿಟ್ಟುಕೊಂಡು, ತಂಬೂರಿಯ ಪದದಿಂದಲೇ ಆ ಕೆಲಸವನ್ನು ಆರಂಭಿಸಬಹುದು.